ಅನಕೊಂಡ ಎಷ್ಟುದ್ದ? ದಾರ, ತಕ್ಕಡಿ ಮತ್ತು ಒಂದು ಲೋಕಲ್ ಡಬ್ಬ

(ಮುಂಬಯಿ ಕನ್ನಡಿಗರ ಮುಂದೆ ಆಡಿದ ಉಪನ್ಯಾಸದ ಬರಹ ರೂಪ. ಪರದೆಯ ಮೇಲೆ ತೋರಿಸಿದ ಚಿತ್ರಗಳು ಇಲ್ಲಿಲ್ಲ. ಹಾಗಾಗಿ ಅಲ್ಲಲ್ಲಿ ಮಾತನ್ನು ಸ್ವಲ್ಪ ಬಿಡಿಸಿ ಬರೆದಿದೆ.)

ಎಲ್ಲರಿಗೂ ನಮಸ್ಕಾರ.

ಹೆಸರಿನಿಂದಲೇ ಹೊರಡೋಣ. ಅನಕೊಂಡ ಎಂಬ ಹಾವು ದಕ್ಷಿಣ ಅಮೆರಿಕದ್ದು, ಆಂಡಿಸ್ ಪರ್ವತಸಾಲಿನ ಪೂರ್ವಕ್ಕೆ ಇರುವಂಥದ್ದು. ಹೆಸರು ಮಾತ್ರ ನಮ್ಮ ಕಡೆಯದು. 1693ರಲ್ಲಿ ಇಂಗ್ಲೆಂಡಿನ ಜಾನ್ ರೇ ಎಂಬ ಪಂಡಿತ ಹಾಲೆಂಡಿನ ಲೈಡನ್ ಸಂಗ್ರಹದಲ್ಲಿದ್ದ ಹಾವುಗಳ ಪಟ್ಟಿಯೊಂದನ್ನು ಅಚ್ಚು ಹಾಕಿಸಿದ. ಅದರಲ್ಲಿ ಸಿಂಹಳದ ಒಂದು ಹಾವಿಗೆ ಈ ಹೆಸರಿದೆ. ಎಮ್ಮೆ ಎತ್ತುಗಳ ಕೈಕಾಲು ನುರಿಯುವ ಹಾವು ಎಂಬ ವಿವರಣೆಯೂ ಇದೆ. ತಮಿಳಿನಲ್ಲಿ ‘ಆನೆಯನ್ನು ಕೊಂದದ್ದು’ ಎಂಬ ಅರ್ಥದ ಮಾತಿನಿಂದ ಇದು ಬಂತು ಅನ್ನುವವರಿದ್ದಾರೆ. ಕನ್ನಡದ ಕಿವಿಗೆ ಇದನ್ನು ಬಿಡಿಸಿ ಹೇಳಬೇಕಾಗಿಲ್ಲ: ಆನೆ, ಕೊಂದ. ಸಿಂಹಳ ಭಾಷೆಯ ‘ಹೆನಕಂದಯ’ದಿಂದ ಬಂತು ಅನ್ನುವವರೂ ಇದ್ದಾರೆ. ಅದು ಬಳ್ಳಿಯಂಥ ತೆಳ್ಳನೆಯ ಹಸಿರು ಹಾವಿನ ಹೆಸರು. ಯಾವುದೇ ಇರಲಿ, ಲಂಕೆಯ ಹೆಸರು ಹಡಗು ಹತ್ತಿ ಯುರೋಪಿಗೆ ಹೋಗಿ, ಅಲ್ಲಿಂದ ಅಮೆಜಾನಿನ ಹಾವಿನ ಕೊರಳಿಗೆ ಬಿತ್ತು. ತಮಾಷೆಯೆಂದರೆ, ಮೈಸೂರು ಮೃಗಾಲಯಕ್ಕೆ ಹಸಿರು ಅನಕೊಂಡಗಳು ಬಂದದ್ದೂ ಶ್ರೀಲಂಕೆಯ ದೆಹಿವಾಲ ಮೃಗಾಲಯದಿಂದಲೇ.

ಹುಟ್ಟಿದ ಊರಿನಲ್ಲಿ ಅದಕ್ಕೆ ಬೇರೆ ಹೆಸರುಗಳಿವೆ. ಬ್ರೆಜಿಲ್‌ನಲ್ಲಿ ‘ಸುಕುರಿ’. ಅರ್ಜೆಂಟೀನ, ಪರಾಗ್ವೆ ಕಡೆಯ ಹಳದಿ ಜಾತಿಗೆ ‘ಕುರಿಯು’. ನಮ್ಮ ಕುರಿಗೂ ಅದಕ್ಕೂ ನಂಟಿಲ್ಲ, ಸಿಕ್ಕರೆ ನುಂಗೀತು ಅಷ್ಟೆ.

ಈಗ ನಂಟಸ್ತಿಕೆ. ಅನಕೊಂಡ ಅಂದರೆ ಅಮೆರಿಕದ ಹೆಬ್ಬಾವು ಎಂದು ಬಹಳ ಮಂದಿ ತಿಳಿದಿದ್ದಾರೆ. ನಮ್ಮ ಹೆಬ್ಬಾವು, ತುಳುವಿನ ಪೆರ್ಮರಿ, ಇಲ್ಲಿಯವರ ಅಜಗರ, ಇದು ಪೈಥಾನ್ ಗುಂಪಿಗೆ ಸೇರಿದ್ದು. ಮೊಟ್ಟೆ ಇಟ್ಟು, ಅದರ ಸುತ್ತ ಸುರುಳಿ ಸುತ್ತಿ ಕಾವಲು ಕೂರುತ್ತದೆ. ಅನಕೊಂಡ ಬೋವಾ ಗುಂಪಿನದು. ಮೊಟ್ಟೆ ಹೊಟ್ಟೆಯೊಳಗೇ ಬೆಳೆದು ನೇರವಾಗಿ ಮರಿ ಹಾಕುತ್ತದೆ. ಹೆಬ್ಬಾವಿನ ತುಟಿಯ ಹುರುಪೆಗಳಲ್ಲಿ ಶಾಖ ಹಿಡಿಯುವ ಸಣ್ಣ ಗುಳಿಗಳಿರುತ್ತವೆ, ಅನಕೊಂಡದ ತುಟಿಯಲ್ಲಿ ಇಲ್ಲ. ಹಾಗಾದರೆ ನಮ್ಮಲ್ಲಿ ಅದಕ್ಕೆ ಹತ್ತಿರದ ನೆಂಟ ಯಾರು? ಪುಣೆ, ಸೊಲ್ಲಾಪುರದ ಒಣ ಹೊಲಗಳಲ್ಲಿ ಸಿಗುವ ಮಾಂಡೂಳ. ನಾವು ಎರಡು ತಲೆ ಹಾವು, ಮಣ್ಣುಮುಕ್ಕ ಅನ್ನುತ್ತೇವಲ್ಲ, ಅದೇ. ಗುಪ್ತಧನ, ಅದೃಷ್ಟ ಎಂದು ಮೂಢನಂಬಿಕೆಯವರು ಲಕ್ಷಗಟ್ಟಲೆಗೆ ಕದ್ದು ಮಾರುವ ಆ ಮೂರಡಿಯ ಪಾಪದ ಪ್ರಾಣಿಯೂ ಬೋವಾ ಬಳಗದ್ದೇ, ಅದೂ ಮರಿ ಹಾಕುತ್ತದೆ.

ಇನ್ನು ಎಲ್ಲರೂ ಕಾದಿರುವ ಪ್ರಶ್ನೆ. ಎಷ್ಟುದ್ದ?

1907ರಲ್ಲಿ ಪರ್ಸಿ ಫಾಸೆಟ್ ಎಂಬ ಬ್ರಿಟಿಷ್ ಸೇನಾಧಿಕಾರಿ ಬೊಲಿವಿಯ–ಬ್ರೆಜಿಲ್ ಗಡಿಯ ಅಬುನಾ ನದಿಯ ಬಳಿ ಒಂದು ಅನಕೊಂಡಕ್ಕೆ ಗುಂಡು ಹೊಡೆದನಂತೆ. 45 ಅಡಿ ನೀರಿನ ಹೊರಗೆ, 17 ಅಡಿ ಒಳಗೆ, ಒಟ್ಟು 62 ಅಡಿ. ಎಂದರೆ ಸುಮಾರು 18.9 ಮೀಟರು. ನಮ್ಮ ಲೋಕಲ್ ಟ್ರೈನಿನ ಒಂದು ಡಬ್ಬ ಇಪ್ಪತ್ತು ಮೀಟರಿನ ಆಸುಪಾಸು ಇರುತ್ತದೆ. ಡಬ್ಬದ ಈ ತುದಿಯಿಂದ ಆ ತುದಿಯವರೆಗೆ ಒಂದೇ ಹಾವು ಎಂದು ಲೆಕ್ಕ ಹಾಕಿಕೊಳ್ಳಿ. ದಪ್ಪ ಮಾತ್ರ 12 ಇಂಚಿಗಿಂತ ಹೆಚ್ಚಿರಲಿಲ್ಲ ಎಂದೂ ಅವನೇ ಬರೆದಿದ್ದಾನೆ. ಈ 12 ಇಂಚನ್ನು ನೆನಪಿಟ್ಟುಕೊಂಡಿರಿ, ಮುಂದೆ ಬೇಕಾಗುತ್ತದೆ.

ಇಂಥ ಮಾತುಗಳಿಗೆ ಒಂದು ಪಂಥ ಕಟ್ಟೋಣ ಎಂದು ಇಪ್ಪತ್ತನೆಯ ಶತಮಾನದ ಆರಂಭದಲ್ಲಿ ಅಮೆರಿಕದ ಅಧ್ಯಕ್ಷರಾಗಿದ್ದ ಥಿಯೊಡೋರ್ ರೂಸ್‌ವೆಲ್ಟ್ ಬಹುಮಾನ ಸಾರಿದರು: 30 ಅಡಿಯ ಹಾವು ತೋರಿಸಿದವರಿಗೆ 1,000 ಡಾಲರು. ನ್ಯೂಯಾರ್ಕಿನ ಪ್ರಾಣಿಸಂಘ ಅದನ್ನು ಮುಂದುವರಿಸಿ, ಏರಿಸುತ್ತ ಏರಿಸುತ್ತ ಕೊನೆಗೆ 50,000 ಡಾಲರಿಗೆ ತಂದಿತು. 62 ಅಡಿ ಬೇಡ, ಅದರ ಅರ್ಧಕ್ಕೂ ಒಂದಡಿ ಕಡಿಮೆ ಸಾಕು, ಜೀವಂತ ಇರಬೇಕು, ಅಷ್ಟೆ. ದಶಕಗಳ ಕಾಲ ಇದ್ದ ಆ ಹಣವನ್ನು ಯಾರೂ ಪಡೆಯಲಿಲ್ಲ.

ಹಾಗಾದರೆ ಕೈಯಲ್ಲಿ ಹಿಡಿದು ಅಳೆದವರು ಕಂಡದ್ದೇನು? ವೆನೆಜುವೆಲದ ಯಾನೋಸ್ ಎಂಬ ಹುಲ್ಲುಗಾವಲಿನಲ್ಲಿ ಹೆಸೂಸ್ ರಿವಾಸ್ ಎಂಬ ಜೀವವಿಜ್ಞಾನಿ 1992ರಿಂದ ಅನಕೊಂಡಗಳನ್ನು ಹಿಡಿದು, ಅಳೆದು, ಬಿಡುತ್ತ ಬಂದವರು. ಸಾವಿರಕ್ಕೂ ಮಿಕ್ಕಿ ಹಾವುಗಳನ್ನು ಪರೀಕ್ಷಿಸಿದ ಅವರಿಗೆ ಸಿಕ್ಕ ಅತಿ ದೊಡ್ಡ ಹೆಣ್ಣು 5.21 ಮೀಟರು, 97.5 ಕೆ.ಜಿ. ಹದಿನೇಳು ಅಡಿ, ಹೆಚ್ಚುಕಡಿಮೆ ಎರಡು ಅಕ್ಕಿ ಮೂಟೆ ತೂಕ. ಬೇರೆ ನದಿಗಳಲ್ಲಿ ಇದಕ್ಕಿಂತ ಒಂದಷ್ಟು ಉದ್ದದ್ದು ಇರಬಾರದೆಂದಿಲ್ಲ. ಆದರೆ ಸಾವಿರ ಹಾವಿನಲ್ಲಿ ಒಂದೂ ಆರು ಮೀಟರು ಮುಟ್ಟದಿರುವಾಗ ಹದಿನೆಂಟು ಮೀಟರಿನ ಮಾತು ಎಲ್ಲಿಂದ ಬಂತು ಎಂದು ಕೇಳಬೇಕಾಗುತ್ತದೆ. ಬಹುತೇಕ ಅದು ಬಂದದ್ದು ಅಳತೆಯ ತಪ್ಪಿನಿಂದ.

ಹಾವನ್ನು ಅಳೆಯುವುದು ಪಂಚೆ ಅಳೆದ ಹಾಗಲ್ಲ. ಅದರ ಬೆನ್ನುಮೂಳೆಯಲ್ಲಿ ನೂರಾರು ಕೊಂಡಿಗಳಿವೆ, ಪ್ರತಿ ಕೊಂಡಿಯ ನಡುವೆಯೂ ಒಂದಿಷ್ಟು ಸಡಿಲ. ನಾಲ್ಕು ಜನ ಸೇರಿ ಜಗ್ಗಿದರೆ ಉದ್ದವಾಗುತ್ತದೆ. ಹಾವು ಸಿಟ್ಟಿನಿಂದ ಮೈ ಬಿಗಿದರೆ ಗಿಡ್ಡವಾಗುತ್ತದೆ. ಆದ್ದರಿಂದ ನೆಟ್ಟಗೆ ಎಳೆದು ಟೇಪು ಹಿಡಿಯುವುದಿಲ್ಲ. ಕ್ರಮ ಹೀಗೆ: ಮೊದಲು ತಲೆಯನ್ನು ಹಿಡಿದು ಅದರ ಮೇಲೆ ದಪ್ಪ ಹತ್ತಿಯ ಕಾಲುಚೀಲ ತೊಡಿಸಿ, ಬಾಯಿ ತೆರೆಯದಂತೆ ಎಲೆಕ್ಟ್ರಿಷಿಯನ್ ಟೇಪು ಸುತ್ತುತ್ತಾರೆ. ಬಟ್ಟೆಯ ಮೂಲಕ ಉಸಿರಾಟಕ್ಕೆ ತೊಂದರೆಯಿಲ್ಲ, ಕಣ್ಣಿಗೆ ಕತ್ತಲಾಗುವುದರಿಂದ ಹಾವೂ ತಣ್ಣಗಾಗುತ್ತದೆ. ಅದು ಮೈ ಸಡಿಲ ಬಿಟ್ಟು ತನ್ನಿಷ್ಟದಂತೆ ಬಳುಕಿ ಮಲಗಿದಾಗ, ಹಿಗ್ಗದ ದಾರವೊಂದನ್ನು ಮೂತಿಯ ತುದಿಯಿಂದ ಬೆನ್ನಿನ ನಟ್ಟನಡುವೆ, ಬೆನ್ನುಮೂಳೆಯ ಗೆರೆ ಹಿಡಿದು, ಬಳುಕು ಇದ್ದಲ್ಲಿ ಬಳುಕುತ್ತ ಬಾಲದ ತುದಿಯವರೆಗೆ ಹಾಸುತ್ತಾರೆ. ಮಲದ್ವಾರದ ನೇರಕ್ಕೆ ದಾರಕ್ಕೊಂದು ಗುರುತು, ಏಕೆಂದರೆ ಮೂತಿಯಿಂದ ಅಲ್ಲಿಯವರೆಗಿನ ಉದ್ದವನ್ನೂ ಬಾಲವನ್ನೂ ಬೇರೆ ಬೇರೆ ಬರೆದುಕೊಳ್ಳಬೇಕು; ಬಾಲದ ತುದಿ ತುಂಡಾದ ಹಾವುಗಳು ಬಹಳ. ಆಮೇಲೆ ದಾರವನ್ನು ನೆಲದ ಮೇಲೆ ಹಾಸಿ ಟೇಪಿನಿಂದ ಅಳೆಯುವುದು. ಒಂದು ಸಲ ಸಾಲದು, ಹಲವು ಸಲ ಅಳೆದು ಸರಾಸರಿ ತೆಗೆಯಬೇಕು.

ಇಲ್ಲಿ ಎಡವುವುದು ಎಲ್ಲಿ ಗೊತ್ತೇ? ದಾರ ಬೆನ್ನಿನ ನಡುವಿನಿಂದ ಪಕ್ಕಕ್ಕೆ ಜಾರುವಲ್ಲಿ. 20 ಸೆಂ.ಮೀ. ದಪ್ಪದ ಹಾವು ಒಂದು ಪೂರ್ತಿ ಸುತ್ತು ಸುತ್ತಿಕೊಂಡಿದೆ ಅನ್ನಿ. ದಾರ ನಡುಗೆರೆ ಬಿಟ್ಟು ಒಳಬದಿಯ ಅಂಚಿಗೆ ಜಾರಿದರೆ 63 ಸೆಂ.ಮೀ. ಕಡಿಮೆ ಬರುತ್ತದೆ, ಹೊರ ಅಂಚಿಗೆ ಜಾರಿದರೆ ಅಷ್ಟೇ ಹೆಚ್ಚು. ಒಂದೇ ಸುತ್ತಿನಲ್ಲಿ ಎರಡಡಿಗೂ ಮಿಕ್ಕಿದ ತಪ್ಪು. ವೃತ್ತದ ಸುತ್ತಳತೆಯ ಶಾಲಾ ಲೆಕ್ಕ ಅದು, ಮನೆಗೆ ಹೋಗಿ ಮಾಡಿ ನೋಡಬಹುದು.

ಜೀವಂತ ಹಾವಿನಲ್ಲೇ ಹೀಗಾದರೆ ಸುಲಿದ ಚರ್ಮದ ಗತಿ ಏನು? ಹಾವಿನ ಚರ್ಮದಲ್ಲಿ ಹುರುಪೆಗಳ ನಡುವೆ ಮಡಿಕೆಗಳಿರುತ್ತವೆ. ತನ್ನ ದಪ್ಪಕ್ಕಿಂತ ದೊಡ್ಡ ಬೇಟೆ ನುಂಗುವ ಪ್ರಾಣಿಗೆ ಅದು ಬೇಕೇ ಬೇಕು. ಹಸಿ ಚರ್ಮವನ್ನು ಹಲಗೆಗೆ ಮೊಳೆ ಹೊಡೆದು ಎಳೆದು ಒಣಗಿಸಿದರೆ ಆ ಮಡಿಕೆಗಳೆಲ್ಲ ಬಿಚ್ಚಿಕೊಳ್ಳುತ್ತವೆ. ಕಾಲುಭಾಗ ಹೆಚ್ಚಿಸುವುದು ಕಷ್ಟವೇ ಅಲ್ಲ, ಹಟ ಹಿಡಿದರೆ ಇನ್ನೂ ಹೆಚ್ಚು. ಐದೂವರೆ ಮೀಟರಿನ ಹಾವು ಗೋಡೆಗೆ ಏರುವಾಗ ಏಳು ಮೀಟರಾಗಿರುತ್ತದೆ. ಚರ್ಮ ಮಾರುವವನಿಗೆ ಅದೇ ಬೇಕಾದದ್ದು. ನಮ್ಮ ಕಾಂಪೌಂಡುಗಳಲ್ಲಿ ಸಿಗುವ ಪೊರೆಗೂ ಇದೇ ಮಾತು. ಪೊರೆ ಕಳಚುವಾಗ ಮೂತಿಯಿಂದ ಹಿಂದಕ್ಕೆ ಕಾಲುಚೀಲದಂತೆ ತಿರುವಿಕೊಳ್ಳುತ್ತದೆ, ಮಡಿಕೆ ಬಿಚ್ಚುತ್ತದೆ. ಹಾವಿಗಿಂತ ಹತ್ತು ಇಪ್ಪತ್ತು ಶೇಕಡಾ ಉದ್ದವಿರುವುದು ಮಾಮೂಲು.

ಹಾಗಾದರೆ ನಂಬಬೇಕಾದದ್ದು ಯಾವುದು? ತಕ್ಕಡಿ. ಅನಕೊಂಡದ ಹಿರಿಮೆ ಇರುವುದೇ ಅಲ್ಲಿ. ಉದ್ದದ ಪಟ್ಟ ಅದರದ್ದಲ್ಲ, ಆಗ್ನೇಯ ಏಷ್ಯಾದ ಜಾಲರಿ ಹೆಬ್ಬಾವಿನದು. ನಮ್ಮ ನಿಕೋಬಾರ್ ದ್ವೀಪಗಳಲ್ಲೂ ಅದು ಇದೆ. ಅಮೆರಿಕದ ಕ್ಯಾನ್ಸಸ್ ಸಿಟಿಯಲ್ಲಿ ಸಾಕಿದ್ದ ‘ಮೆಡೂಸ’ ಎಂಬ ಜಾಲರಿ ಹೆಬ್ಬಾವನ್ನು 2011ರಲ್ಲಿ ಗಿನ್ನೆಸ್‌ನವರು ಅಳೆದಾಗ 7.67 ಮೀಟರು, 158.8 ಕೆ.ಜಿ. ಇತ್ತು. ಅರೆ, ಅದೇ ಹೆಚ್ಚು ತೂಕವಲ್ಲವೇ ಅನ್ನಬಹುದು. ಒಂದು ಲೆಕ್ಕ ಮಾಡೋಣ. ಆಕಾರ ಅದೇ ಇದ್ದು ಉದ್ದ ಎರಡು ಪಟ್ಟಾದರೆ ತೂಕ ಎಂಟು ಪಟ್ಟಾಗುತ್ತದೆ, ಏಕೆಂದರೆ ಅಗಲವೂ ಎತ್ತರವೂ ಕೂಡ ಎರಡು ಪಟ್ಟಾಗುತ್ತವೆ. ಈ ಸೂತ್ರದಲ್ಲಿ ಮೆಡೂಸವನ್ನು 5.21 ಮೀಟರಿಗೆ ಕುಗ್ಗಿಸಿದರೆ ತೂಕ ಸುಮಾರು 50 ಕೆ.ಜಿ. ಅಷ್ಟೇ ಉದ್ದದ ಕಾಡಿನ ಅನಕೊಂಡ 97.5. ಮನೆಯಲ್ಲಿ ತಿಂದು ಕೊಬ್ಬಿದ್ದಕ್ಕಿಂತ ಕೆಸರಿನಲ್ಲಿ ಬೇಟೆಯಾಡಿ ಬದುಕಿದ್ದು ಎರಡು ಪಟ್ಟು ಭಾರ!

ಈಗ ಆ 12 ಇಂಚಿಗೆ ಬನ್ನಿ. ಇದೇ ಸೂತ್ರ ಹಿಡಿದರೆ 62 ಅಡಿಯ ಅನಕೊಂಡ ನಾಲ್ಕೂವರೆ ಟನ್ನಿನ ಮೇಲೆ ತೂಗಬೇಕು. ಅಂದರೆ ಆನೆಯನ್ನು ಕೊಂದ ಹಾವಲ್ಲ, ಆನೆಯಷ್ಟೇ ಭಾರದ ಹಾವು. ಅದರ ಮೈ ಸರಾಸರಿ ಎರಡಡಿಯ ಹತ್ತಿರ ದಪ್ಪ ಇರಬೇಕು, 12 ಇಂಚಲ್ಲ. 12 ಇಂಚಿನ ದಪ್ಪದಲ್ಲಿ 62 ಅಡಿ ಉದ್ದವಿದ್ದರೆ ಅದು ಅನಕೊಂಡದ ಮೈಕಟ್ಟೇ ಅಲ್ಲ. ಫಾಸೆಟ್ ಸುಳ್ಳು ಹೇಳಿದ ಅನ್ನಬೇಕಾಗಿಲ್ಲ. ದಪ್ಪ ಕಣ್ಣಳತೆಗೆ ಸರಿಯಾಗಿ ಸಿಗುತ್ತದೆ, ನೀರಿನಲ್ಲಿ ಅರ್ಧ ಮುಳುಗಿದ ಉದ್ದ ಸಿಗುವುದಿಲ್ಲ.

ತೂಗುವುದರಲ್ಲೂ ಎರಡು ಎಚ್ಚರಿಕೆ. ಹಾವನ್ನು ಗೋಣಿಚೀಲಕ್ಕೆ ಹಾಕಿ, ಗಳುವಿಗೆ ಸ್ಪ್ರಿಂಗ್ ತಕ್ಕಡಿ ಕಟ್ಟಿ, ಇಬ್ಬರು ಹೆಗಲು ಕೊಟ್ಟು ತೂಗುತ್ತಾರೆ. ನೀರು ಹೀರಿದ ಗೋಣಿಯನ್ನು ಹಾಗೆಯೇ ಒದ್ದೆಯಾಗಿ ಮತ್ತೊಮ್ಮೆ ತೂಗಿ ಕಳೆಯಬೇಕು. ಮತ್ತೆ ಹೊಟ್ಟೆ ತುಂಬಿದ ಹಾವಿನ ತೂಕ ಹಾವಿನದಲ್ಲ. ಬೆಳೆದ ಕ್ಯಾಪಿಬರ, ಅಂದರೆ ಕೊಬ್ಬಿದ ಹಂದಿಯಷ್ಟಿರುವ ಅಲ್ಲಿನ ದೈತ್ಯ ಹೆಗ್ಗಣ, ಒಂದೇ 50 ಕೆ.ಜಿ. ಆಸುಪಾಸು ಬರುತ್ತದೆ.

ಇಷ್ಟು ಭಾರ ಹೊತ್ತು ಬದುಕುವುದು ಹೇಗೆ? ನೀರು ಹೊರುತ್ತದೆ. ಅದರ ಕುಲನಾಮ ‘ಯೂನೆಕ್ಟೀಸ್’, ಗ್ರೀಕಿನಲ್ಲಿ ಒಳ್ಳೆಯ ಈಜುಗಾರ. ಕಣ್ಣು, ಮೂಗಿನ ಹೊಳ್ಳೆ ಎರಡೂ ತಲೆಯ ಮೇಲುಬದಿಗಿವೆ, ಮೊಸಳೆಯ ಹಾಗೆ. ಮೈಯೆಲ್ಲ ಮುಳುಗಿಸಿ ಮೂತಿ ಮಾತ್ರ ಹೊರಗಿಟ್ಟು ಕಾಯಬಲ್ಲದು. ಓಡಿಸಿಕೊಂಡು ಹೋಗುವ ಬೇಟೆಗಾರ ಅಲ್ಲವೇ ಅಲ್ಲ. ನೀರು ಕುಡಿಯಲು ಬಂದ ಜಿಂಕೆ, ಕ್ಯಾಪಿಬರ, ನೀರುಹಕ್ಕಿ, ಆಮೆ, ಕೇಮನ್ ಮೊಸಳೆ, ಯಾವುದಾದರೂ ಸರಿ. ಹಿಡಿಯುವುದು ಹಲ್ಲಿನಿಂದ, ಕೊಲ್ಲುವುದು ಸುರುಳಿಯಿಂದ. ಉಸಿರು ಕಟ್ಟಿಸಿ ಕೊಲ್ಲುತ್ತದೆ ಎಂದು ನಾವೆಲ್ಲ ಓದಿದ್ದೆವು. 2015ರಲ್ಲಿ ಸ್ಕಾಟ್ ಬೊಬ್ಯಾಕ್ ಮತ್ತವರ ಜತೆಗಾರರು ಇದೇ ಬಳಗದ ಬೋವಾ ಹಾವುಗಳಿಗೆ ಅರಿವಳಿಕೆ ಕೊಟ್ಟ ಇಲಿಗಳನ್ನು ಒಡ್ಡಿ, ಅವುಗಳ ರಕ್ತನಾಳದಲ್ಲಿ ಒತ್ತಡ ಅಳೆದು ನೋಡಿದರು. ಸುರುಳಿ ಬಿಗಿದ ಕೆಲವೇ ಸೆಕೆಂಡುಗಳಲ್ಲಿ ರಕ್ತದ ಒತ್ತಡ ಕುಸಿದು, ಹರಿವು ನಿಲ್ಲುತ್ತ ಬಂತು. ಉಸಿರಿಗಿಂತ ಮೊದಲು ನಿಲ್ಲುವುದು ರಕ್ತ ಸಂಚಾರ. ಇನ್ನು, ನುಂಗುವಾಗ ದವಡೆ ಕಳಚುವುದಿಲ್ಲ. ಕೆಳದವಡೆಯ ಎರಡು ಭಾಗ ಗದ್ದದಲ್ಲಿ ಮೂಳೆಯಾಗಿ ಬೆಸೆದಿಲ್ಲ, ಹಿಗ್ಗುವ ನಾರಿನಿಂದ ಕೂಡಿವೆ. ಎಡ ಬಲ ಎಂದು ಒಂದೊಂದೇ ಬದಿ ಮುಂದಕ್ಕೆ ನಡೆಯುತ್ತದೆ, ದಿಂಬಿಗೆ ಗವಸು ಹಾಕುವಂತೆ. ಆಗ ಶ್ವಾಸನಾಳದ ಬಾಯಿಯನ್ನು ಕೆಳಗಿನಿಂದ ಹೊರಚಾಚಿ ಉಸಿರಾಡುತ್ತಿರುತ್ತದೆ.

ಭಾರದ ಕಥೆಯಲ್ಲಿ ಗಂಡಿಗೆ ಪಾಲೇ ಇಲ್ಲ. ಬೆಳೆದ ಹೆಣ್ಣು ಸರಾಸರಿ 30 ಕೆ.ಜಿ. ದಾಟುತ್ತದೆ, ಗಂಡು 7 ಕೆ.ಜಿ. ಸುಮಾರು. ನಾಲ್ಕೂವರೆ ಪಟ್ಟಿಗೂ ಹೆಚ್ಚು. ಯಾನೋಸ್‌ನಲ್ಲಿ ಬೇಸಗೆ ಬಂದು ನೀರು ಅಲ್ಲಲ್ಲಿ ಗುಂಡಿಗಳಾಗಿ ಕುಗ್ಗಿದಾಗ, ಫೆಬ್ರವರಿಯಿಂದ ಮೇ ತನಕ, ಕೆಸರಿನಲ್ಲಿ ಒಂದು ಹೆಣ್ಣಿನ ಸುತ್ತ ಹನ್ನೆರಡು ಹದಿಮೂರು ಗಂಡುಗಳವರೆಗೆ ಸುತ್ತಿಕೊಂಡು ಉಂಡೆಯಾಗುತ್ತವೆ. ಆ ಉಂಡೆ ನಾಲ್ಕು ವಾರದವರೆಗೂ ಬಿಚ್ಚದೆ ಇರಬಹುದು. ಕಾದಾಟವಿಲ್ಲ, ನಿಧಾನವಾಗಿ ಒತ್ತಿಕೊಂಡು ಜಾಗ ಹುಡುಕುವುದಷ್ಟೆ. ಗಂಡಿನ ಮಲದ್ವಾರದ ಎರಡೂ ಬದಿಗೆ ಉಗುರಿನಂಥ ಮುಳ್ಳಿದೆ, ಹಿಂದೆ ಕಾಲಿದ್ದ ಗುರುತು. ಅದರಿಂದ ಹೆಣ್ಣನ್ನು ಕೆರೆಯುತ್ತದೆ. ಗಂಡು ಯಾಕೆ ಸಣ್ಣದಾಗಿಯೇ ಉಳಿಯಿತು ಅನ್ನುವುದಕ್ಕೆ ರಿವಾಸ್ ಕೊಡುವ ಕಾರಣ ಸೊಗಸಾಗಿದೆ. ಆ ಕೆಸರಿನ ಗೊಂದಲದಲ್ಲಿ ಗಂಡುಗಳು ದಪ್ಪನೆಯದನ್ನೇ ಹೆಣ್ಣೆಂದು ಹಿಡಿಯುತ್ತವೆ. ಗಂಡೊಂದು ತೀರ ದೊಡ್ಡದಾದರೆ ಉಳಿದವು ಅದನ್ನೇ ಸುತ್ತಿಕೊಂಡಾವು!

ಕೂಡಿದ ಮೇಲೆ ಹೆಣ್ಣು ಕೆಲವೊಮ್ಮೆ ಗಂಡನ್ನು ನುಂಗಿಬಿಡುವುದೂ ದಾಖಲಾಗಿದೆ. ಕ್ರೌರ್ಯವೆಂದು ಹುಬ್ಬೇರಿಸುವ ಮೊದಲು ಲೆಕ್ಕ ನೋಡಿ: ಮುಂದಿನ ಸುಮಾರು ಏಳು ತಿಂಗಳು ಆಕೆ ಬೇಟೆಯಾಡುವುದಿಲ್ಲವೆಂದೇ ಹೇಳಬೇಕು. ಬಿಸಿಲು ಕಾಯುತ್ತ, ಹೊಟ್ಟೆಯೊಳಗಿನ ಮರಿಗಳಿಗೆ ಶಾಖ ಕೊಡುತ್ತ ಕಳೆಯುತ್ತಾಳೆ. ಮರಿಗಳು ಸಾಮಾನ್ಯವಾಗಿ 20ರಿಂದ 40. ಒಂದೇ ಹೆರಿಗೆಯಲ್ಲಿ 82 ಕಂಡದ್ದೂ ಇದೆ. ಒಂದೊಂದು ಮರಿ 70–80 ಸೆಂ.ಮೀ., ಕಾಲು ಕಿಲೋ. ನಲವತ್ತು ಮರಿಯೆಂದರೆ ಹತ್ತು ಕೆ.ಜಿ. ಮೈಯಿಂದ ಇಳಿಯಿತು. ಬೆಳೆಯದ ಮೊಟ್ಟೆ, ಸತ್ತ ಮರಿ ಇದ್ದರೆ ತಾಯಿ ತಿಂದು ಸ್ವಲ್ಪ ಚೇತರಿಸಿಕೊಳ್ಳುತ್ತಾಳೆ. ಪ್ರತಿ ವರ್ಷ ಹೆರುವುದು ಇಂಥ ಮೈಗೆ ಆಗದ ಮಾತು. ಮರಿಗಳಿಗೆ ತಾಯಿಯ ಆರೈಕೆಯೂ ಇಲ್ಲ. ಕೇಮನ್, ಹದ್ದು, ನರಿ ಎಲ್ಲಕ್ಕೂ ಅವು ತುತ್ತು.

ಗಂಡೇ ಇಲ್ಲದೆ ಹೆತ್ತದ್ದೂ ಉಂಟು. 2019ರಲ್ಲಿ ಬಾಸ್ಟನ್ನಿನ ನ್ಯೂ ಇಂಗ್ಲೆಂಡ್ ಅಕ್ವೇರಿಯಮ್ಮಿನಲ್ಲಿ ಹೆಣ್ಣುಗಳ ಜತೆಗೇ ಬೆಳೆದ ಅನಕೊಂಡವೊಂದು ಮರಿ ಹಾಕಿತು, ಎರಡು ಬದುಕಿದವು. ಡಿಎನ್‌ಎ ಪರೀಕ್ಷೆಯಲ್ಲಿ ತಂದೆಯ ಅಂಶವಿರಲಿಲ್ಲ.

ಜಾತಿಗಳ ವಿಷಯ ಚುಟುಕಾಗಿ. ಹಸಿರು, ಹಳದಿ, ಕಪ್ಪುಚುಕ್ಕೆ, ಬೊಲಿವಿಯದ್ದು ಎಂದು ನಾಲ್ಕು ಎಣಿಸುತ್ತಿದ್ದರು. 2024ರಲ್ಲಿ ರಿವಾಸ್, ಬ್ರಯಾನ್ ಫ್ರೈ ಮೊದಲಾದವರು ಹಸಿರನ್ನು ಉತ್ತರದ್ದು, ದಕ್ಷಿಣದ್ದು ಎಂದು ಎರಡು ಮಾಡಿ, ಉತ್ತರದ್ದಕ್ಕೆ ‘ಅಕಯಿಮ’ ಎಂದು ಹೆಸರಿಟ್ಟರು. ಆ ಹೆಸರು ನಾಮಕರಣದ ನಿಯಮಕ್ಕೆ ಸರಿಯೇ ಎಂಬ ತಕರಾರು ಕೂಡಲೇ ಎದ್ದಿತು. ಎರಡರ ನಡುವೆ 5.5 ಶೇಕಡಾ ಡಿಎನ್‌ಎ ವ್ಯತ್ಯಾಸ, ಮನುಷ್ಯನಿಗೂ ಚಿಂಪಾಂಜಿಗೂ ಎರಡೇ ಶೇಕಡಾ ಎಂದು ಪತ್ರಿಕೆಗಳು ಹೊಡೆದುಕೊಂಡವು. ಇದೂ ದಾರ ಜಾರಿದ ಅಳತೆಯೇ. ಹಾವಿನಲ್ಲಿ ಅಳೆದದ್ದು ಜೀವಕೋಶಕ್ಕೆ ಶಕ್ತಿ ಒದಗಿಸುವ ಮೈಟೊಕಾಂಡ್ರಿಯದೊಳಗಿನ, ಬೇಗ ಬದಲಾಗುವ ಡಿಎನ್‌ಎ. ಮನುಷ್ಯನ ಲೆಕ್ಕ ಇಡೀ ಜೀನೋಮಿನದು, ಎಂದರೆ ಜೀವಿಯ ಒಟ್ಟು ಡಿಎನ್‌ಎಯದು. ಒಂದನ್ನು ಗಜದಲ್ಲಿ, ಇನ್ನೊಂದನ್ನು ಮೊಳದಲ್ಲಿ ಅಳೆದು ಹೋಲಿಸಿದ ಹಾಗೆ.

ನಿಜವಾದ ದೈತ್ಯರು ಬೇಕಿದ್ದರೆ ಕಲ್ಲಿದ್ದಲಿನ ಗಣಿಗೆ ಇಳಿಯಬೇಕು. ಕೊಲಂಬಿಯದ ಸೆರೆಹೋನ್ ಗಣಿಯ ಟೈಟನೊಬೋವಾ, ಸುಮಾರು 6 ಕೋಟಿ ವರ್ಷ ಹಿಂದಿನದು, ಅಂದಾಜು 13 ಮೀಟರು, ಟನ್ನಿನ ಮೇಲೆ ತೂಕ. ಅಷ್ಟು ದೊಡ್ಡ ತಣ್ಣೆತ್ತರಿನ ಪ್ರಾಣಿ ಬದುಕಬೇಕಾದರೆ ವರ್ಷದ ಸರಾಸರಿ ಶಾಖ 30ರಿಂದ 34 ಡಿಗ್ರಿ ಇದ್ದಿರಬೇಕು ಎಂದು 2009ರಲ್ಲಿ ಅದನ್ನು ವಿವರಿಸಿದವರು ಲೆಕ್ಕ ಹಾಕಿದರು. ನಮ್ಮ ಈ ಬೆವರಿನ ಮುಂಬಯಿಯದೇ 27ರ ಆಸುಪಾಸು. ಕಚ್ಛದ ಪಾನಂಧ್ರೊ ಲಿಗ್ನೈಟ್ ಗಣಿಯಲ್ಲಿ ಸಿಕ್ಕ 27 ಬೆನ್ನುಮೂಳೆಗಳಿಂದ ರೂರ್ಕಿ ಐಐಟಿಯ ದೇಬಜಿತ್ ದತ್ತ, ಸುನಿಲ್ ಬಾಜಪೇಯಿ 2024ರಲ್ಲಿ ‘ವಾಸುಕಿ ಇಂಡಿಕಸ್’ ಎಂಬ ಹಾವನ್ನು ವಿವರಿಸಿದರು: 4.7 ಕೋಟಿ ವರ್ಷ, ಉದ್ದ 11ರಿಂದ 15 ಮೀಟರು. ಆ ನಾಲ್ಕು ಮೀಟರಿನ ಅಂತರವೇ ಪ್ರಾಮಾಣಿಕತೆ. ಪೂರ್ತಿ ಹಾವಿಲ್ಲದೆ ಅಳೆದವರು ಅಷ್ಟಾದರೂ ಜಾಗ ಬಿಡಬೇಕು.

ಸಭೆಯಿಂದ ಬಂದ ಪ್ರಶ್ನೆಗಳಲ್ಲಿ ಮೂರನ್ನು ಮಾತ್ರ ಇಲ್ಲಿ ಸೇರಿಸಿದೆ.

ಅನಕೊಂಡ ಮನುಷ್ಯರನ್ನು ತಿಂದದ್ದಿದೆಯೇ? ಖಚಿತವಾಗಿ ದೃಢಪಟ್ಟ ಪ್ರಕರಣ ಇಲ್ಲ. ಜಾಲರಿ ಹೆಬ್ಬಾವಿನದು ಇದೆ. 2017ರಲ್ಲಿ ಇಂಡೋನೇಷ್ಯದ ಸುಲವೆಸಿಯಲ್ಲಿ ಆದದ್ದು ಲೋಕಕ್ಕೇ ಗೊತ್ತಾಯಿತು.

ಯಾರಾದರೂ ಸಾಕಿ, ಬೇಸತ್ತು ಗೋವೆಯ ಖಾಜಣ ಎಂಬ ಜೌಗು ಗದ್ದೆಗೋ ಮುಂಬಯಿಯ ಪೊವಾಯಿ ಕೆರೆಗೋ ಬಿಟ್ಟರೆ? ಒಳ್ಳೆಯ ಪ್ರಶ್ನೆ, ಹೆದರಬೇಕಾದ ಪ್ರಶ್ನೆಯೂ ಹೌದು. 2024ರ ಏಪ್ರಿಲಿನಲ್ಲಿ ಬ್ಯಾಂಕಾಕಿನಿಂದ ಬೆಂಗಳೂರಿಗೆ ಇಳಿದ ಪ್ರಯಾಣಿಕನ ಬ್ಯಾಗಿನಲ್ಲಿ 10 ಹಳದಿ ಅನಕೊಂಡಗಳು ಸಿಕ್ಕವು. ಫ್ಲಾರಿಡದಲ್ಲಿ ಹೀಗೆ ಹೊರಬಿದ್ದ ಅನಕೊಂಡಗಳು ಕಂಡಿವೆ. ಅಮೆರಿಕ 2012ರಲ್ಲಿ ಹಳದಿಯನ್ನೂ 2015ರಲ್ಲಿ ಹಸಿರನ್ನೂ ಹಾನಿಕರ ಪ್ರಾಣಿಗಳ ಪಟ್ಟಿಗೆ ಹಾಕಿ ಆಮದು ನಿಲ್ಲಿಸಿತು. ನಮ್ಮ ಕರಾವಳಿಯ ಮಳೆ, ಬಿಸಿ, ಕೆಸರು ಅದಕ್ಕೆ ಫ್ಲಾರಿಡಕ್ಕಿಂತ ಹಿತ. ಬಸುರಿ ಹಾವೊಂದೇ ತಪ್ಪಿಸಿಕೊಂಡರೂ ಒಮ್ಮೆಗೇ ಮೂವತ್ತು ಮರಿ. ಅನಕೊಂಡ ವನ್ಯಜೀವಿಗಳ ಅಂತರರಾಷ್ಟ್ರೀಯ ವ್ಯಾಪಾರಕ್ಕೆ ಕಡಿವಾಣ ಹಾಕುವ ಸೈಟಿಸ್ ಒಪ್ಪಂದದ ಎರಡನೇ ಪಟ್ಟಿಯಲ್ಲಿದೆ. ನಮ್ಮ ವನ್ಯಜೀವಿ ಕಾಯ್ದೆಗೆ 2022ರಲ್ಲಿ ಆದ ತಿದ್ದುಪಡಿಯ ನಂತರ ಇಂಥ ಪ್ರಾಣಿಯನ್ನು ನೋಂದಾಯಿಸದೆ ಇಟ್ಟುಕೊಳ್ಳುವುದು ಅಪರಾಧ.

ಕೊನೆಯದು ಬೋರಿವಲಿ ಕಡೆಯ ಒಬ್ಬ ಹಿರಿಯರದ್ದು: ಮಳೆಗಾಲದಲ್ಲಿ ನಮ್ಮ ಸೊಸೈಟಿಗೆ ಬರುವ ಅಜಗರ ಹದಿನೈದು ಅಡಿ ಇದೆ ಅನ್ನುತ್ತಾರೆ, ನಂಬಬಹುದೇ? ನಂಬುವುದು ಬೇಡ, ಅಳೆಯಿರಿ. ಹಾವನ್ನು ಮುಟ್ಟದೆ. ಅದು ನಮ್ಮ ವನ್ಯಜೀವಿ ಕಾಯ್ದೆಯ ಒಂದನೇ ಪಟ್ಟಿಯ ರಕ್ಷಿತ ಪ್ರಾಣಿ. ಹಿಡಿಯುವ ಕೆಲಸ ಅರಣ್ಯ ಇಲಾಖೆಯದು, ಮಹಾರಾಷ್ಟ್ರದಲ್ಲಿ ಸಹಾಯವಾಣಿ 1926. ಅವರು ಬರುವ ತನಕ ಮೊದಲ ಮಾಳಿಗೆಯಿಂದ ನೇರ ಕೆಳಮುಖವಾಗಿ ಒಂದು ಫೋಟೊ ತೆಗೆಯಿರಿ. ಪಕ್ಕದಿಂದ ತೆಗೆದರೆ ಹತ್ತಿರದ ತುದಿ ದೊಡ್ಡದಾಗಿ ಕಾಣುತ್ತದೆ, ಲೆಕ್ಕ ಕೆಡುತ್ತದೆ. ಹಾವು ಹೋದ ಮೇಲೆ ಅದು ಮಲಗಿದ್ದ ನೆಲದ ಒಂದು ಟೈಲ್ಸನ್ನು ಅಳೆಯಿರಿ. ಆಮೇಲೆ ಫೋಟೊದ ಮೇಲೆ ಬೆನ್ನಿನ ನಡುಗೆರೆ ಹಿಡಿದು ದಾರ ಹಾಸಿ, ಎಷ್ಟು ಟೈಲ್ಸ್ ಆಗುತ್ತದೆ ಎಣಿಸಿ. ಎರಡಡಿಯ ಟೈಲ್ಸ್ ನಾಲ್ಕೂವರೆ ಬಂದರೆ ಹಾವು ಒಂಬತ್ತಡಿ.